ಬ್ಯಾಕ್ಟೀರಿಯಾ ಯಾವುದೆಂದು ಲ್ಯಾಬ್‌ನವರಿಗೆ ಹೇಗೆ ಗೊತ್ತಾಗುತ್ತದೆ? ಪದೇ ಪದೇ ಕೇಳುವ ಪ್ರಶ್ನೆಗಳು

ಲ್ಯಾಬ್ ಕಿಟಕಿಯ ಆಚೆ ನಿಂತು ರೋಗಿಗಳ ಮನೆಯವರು ಕೇಳಿದ್ದು, ಬಿ.ಎಸ್ಸಿ. ಮತ್ತು ಡಿಎಂಎಲ್‌ಟಿ (ಲ್ಯಾಬ್ ತಂತ್ರಜ್ಞಾನದ ಡಿಪ್ಲೊಮಾ) ವಿದ್ಯಾರ್ಥಿಗಳು ಪತ್ರದಲ್ಲೋ ಮೆಸೇಜಿನಲ್ಲೋ ಕೇಳಿದ್ದು, ಎಲ್ಲವನ್ನೂ ಇಲ್ಲಿ ಒಟ್ಟು ಮಾಡಿದ್ದೇನೆ. ಸುಲಭದವು ಮೊದಲು, ತಲೆ ಕೆಡಿಸುವವು ಕೊನೆಗೆ. ನಿಮಗೆ ಬೇಕಾದ ಪ್ರಶ್ನೆಗೆ ನೇರವಾಗಿ ಹೋಗಿ ಓದಬಹುದು. ಒಂದು ಮಾತು ಮೊದಲೇ ಹೇಳಿಬಿಡುತ್ತೇನೆ. ಒಂದೇ ಒಂದು ಟೆಸ್ಟ್ ನಂಬಿಕೊಂಡು ಬ್ಯಾಕ್ಟೀರಿಯಾದ ಹೆಸರು ಬರೆಯುವುದು ನನಗೆ ಒಪ್ಪಿಗೆಯಿಲ್ಲ. ಯಾಕೆ ಅನ್ನುವುದು ಮುಂದಿನ ಉತ್ತರಗಳಲ್ಲಿ ಗೊತ್ತಾಗುತ್ತದೆ.

### ಮೊದಲಿಗೆ ಕೇಳುವವು

ಮೈಕ್ರೋಸ್ಕೋಪ್‌ನಲ್ಲಿ ನೋಡಿದ ತಕ್ಷಣ ಯಾವ ಬ್ಯಾಕ್ಟೀರಿಯಾ ಅಂತ ಗೊತ್ತಾಗಲ್ವಾ?

ಬಹಳ ಸಲ ಗೊತ್ತಾಗುವುದಿಲ್ಲ. ಮೈಕ್ರೋಸ್ಕೋಪ್‌ನಲ್ಲಿ ಕಾಣುವುದು ಆಕಾರ, ಅವು ಗುಂಪುಗೂಡಿರುವ ರೀತಿ ಮತ್ತು ನಾವು ಹಾಕಿದ ಬಣ್ಣ ಮಾತ್ರ. ಗುಂಡಗಿರುವುದು, ಕಡ್ಡಿಯಂತಿರುವುದು, ಬಾಗಿದ್ದು, ಸುರುಳಿ ಸುತ್ತಿದ್ದು, ಇಷ್ಟರಲ್ಲೇ ಬಹುಪಾಲು ಮುಗಿಯಿತು. ಟೈಫಾಯ್ಡ್ ತರುವ ಸಾಲ್ಮೊನೆಲ್ಲಾ, ಕರುಳಿನಲ್ಲಿ ಸುಮ್ನೆ ಇರುವ ಇ. ಕೊಲೈ, ಆಸ್ಪತ್ರೆ ಸೋಂಕಿನ ಕ್ಲೆಬ್ಸಿಯೆಲ್ಲಾ ಮೂರೂ ಗುಲಾಬಿ ಬಣ್ಣದ ಕಡ್ಡಿಗಳೇ. ಸ್ಲೈಡ್ ನೋಡಿ ಇವನ್ನು ಬೇರೆ ಮಾಡಲು ಎಷ್ಟೇ ಅನುಭವ ಇದ್ದವರಿಗೂ ಆಗುವುದಿಲ್ಲ.

ಹಾಗಂತ ಸ್ಲೈಡ್ ವ್ಯರ್ಥವಲ್ಲ. ಮಿದುಳಿನ ಹೊದಿಕೆಯ ಸೋಂಕು ಬಂದವರ ಬೆನ್ನುಹುರಿ ನೀರಿನಲ್ಲಿ ಜೋಡಿ ಜೋಡಿಯಾಗಿ ನೇರಳೆ ಗುಂಡುಗಳು ಕಂಡರೆ ಡಾಕ್ಟರಿಗೆ ಆಗಲೇ ಫೋನ್ ಹೋಗುತ್ತದೆ. ಪೂರ್ತಿ ಹೆಸರು ನಾಳೆ ಬರಲಿ, ಚಿಕಿತ್ಸೆ ಇವತ್ತೇ ಶುರುವಾಗಬೇಕು.

ಗುರುತಿಸೋದು, ವರ್ಗೀಕರಣ ಮಾಡೋದು ಎರಡೂ ಒಂದೇ ತಾನೇ?

ಅಲ್ಲ. ವರ್ಗೀಕರಣ ಎಂದರೆ ಯಾರು ಯಾರಿಗೆ ಹತ್ತಿರದ ಸಂಬಂಧಿ ಎಂದು ನೋಡಿ ಕುಲ, ಪ್ರಭೇದ ಎಂದು ಗುಂಪು ಮಾಡುವುದು. ಗುರುತಿಸುವುದು ಎಂದರೆ ಕೈಯಲ್ಲಿರುವ ಬ್ಯಾಕ್ಟೀರಿಯಾ ಆ ಗುಂಪುಗಳಲ್ಲಿ ಯಾವುದಕ್ಕೆ ಸೇರುತ್ತದೆ ಎಂದು ಪತ್ತೆ ಮಾಡುವುದು. ವಂಶವೃಕ್ಷ ಬರೆಯುವವರು ಒಬ್ಬರು, ಮದುವೆ ಮನೆ ಬಾಗಿಲಲ್ಲಿ ನಿಂತು ‘ನೀವು ಯಾರ ಪೈಕಿ?’ ಎಂದು ಕೇಳುವವರು ಇನ್ನೊಬ್ಬರು ಅಂದುಕೊಳ್ಳಿ. ಆಸ್ಪತ್ರೆ ಲ್ಯಾಬ್ ಮಾಡುವುದು ಎರಡನೆಯ ಕೆಲಸ. ಆದರೆ ವೃಕ್ಷವೇ ತಪ್ಪಿದ್ದರೆ ಬಾಗಿಲಲ್ಲಿ ಕೇಳಿ ಪ್ರಯೋಜನವಿಲ್ಲ, ಅಲ್ವಾ?

ಯೂರಿನ್ ಕಲ್ಚರ್ ಕೊಟ್ಟು ಎರಡು ದಿನ ಆಯ್ತು. ರಕ್ತದ ಶುಗರ್ ಅರ್ಧ ಗಂಟೆಯಲ್ಲಿ ಬರುತ್ತೆ, ಇದ್ಯಾಕೆ ಇಷ್ಟು ಲೇಟು?

ಬ್ಯಾಕ್ಟೀರಿಯಾ ಬೆಳೆಯಬೇಕಲ್ಲ, ಅದಕ್ಕೆ. ನಿಮ್ಮ ಮೂತ್ರ ಲ್ಯಾಬಿಗೆ ಬಂದಾಗ ಏನಾಗುತ್ತದೆ ಎಂದು ಹೇಳುತ್ತೇನೆ. ತುದಿಯಲ್ಲಿ ಪುಟ್ಟ ಉಂಗುರ ಇರುವ ಕಡ್ಡಿಯನ್ನು ಮೂತ್ರದಲ್ಲಿ ಅದ್ದುತ್ತೇವೆ. ಅದಕ್ಕೆ ಲೂಪ್ ಎನ್ನುತ್ತಾರೆ. ಆ ಉಂಗುರ ಹಿಡಿಯುವುದು ಸರಿಯಾಗಿ 0.001 ಮಿ.ಲೀ. ಅದನ್ನು ಅಗರ್ ಪ್ಲೇಟಿನ (ಬ್ಯಾಕ್ಟೀರಿಯಾಕ್ಕೆ ಬೇಕಾದ ಆಹಾರ ಬೆರೆಸಿದ ಜೆಲ್ಲಿಯ ತಟ್ಟೆ) ಮೇಲೆ ಎಳೆದು, 37 ಡಿಗ್ರಿಯ ಇನ್‌ಕ್ಯುಬೇಟರ್‌ನಲ್ಲಿ ರಾತ್ರಿಯಿಡೀ ಇಡುತ್ತೇವೆ. ಇ. ಕೊಲೈಗೆ ಅನುಕೂಲ ಸಿಕ್ಕರೆ 20 ನಿಮಿಷಕ್ಕೊಮ್ಮೆ ಇಬ್ಭಾಗವಾಗುತ್ತದೆ. ಬೆಳಗ್ಗೆ ಹೊತ್ತಿಗೆ ಒಂದೊಂದು ಬ್ಯಾಕ್ಟೀರಿಯಾ ಇದ್ದ ಕಡೆ ಕಣ್ಣಿಗೆ ಕಾಣುವ ಒಂದೊಂದು ಚುಕ್ಕೆ ಎದ್ದಿರುತ್ತದೆ. ಅದೇ ಕಾಲನಿ.

ಪ್ಲೇಟಿನಲ್ಲಿ 100 ಕಾಲನಿ ಬಂದರೆ ಒಂದು ಮಿ.ಲೀ. ಮೂತ್ರದಲ್ಲಿ 1 ಲಕ್ಷ ಬ್ಯಾಕ್ಟೀರಿಯಾ ಇದ್ದವು ಎಂದು ಲೆಕ್ಕ. ಸಾಮಾನ್ಯವಾಗಿ ಸೋಂಕು ಎಂದು ಪರಿಗಣಿಸುವ ಗೆರೆ ಅದೇ. ಇದು ಮೊದಲ ದಿನದ ಕೆಲಸ. ಎರಡನೇ ದಿನ ಆ ಕಾಲನಿ ಯಾವುದು, ಯಾವ ಔಷಧಿಗೆ ಬಗ್ಗುತ್ತದೆ ಎಂದು ನೋಡಲು ಮತ್ತೆ ಒಂದು ರಾತ್ರಿ ಬೇಕು. ಅವಸರ ಮಾಡಿದರೆ ಇಲ್ಲಿ ಲಾಭವಿಲ್ಲ.

ಸ್ಯಾಂಪಲ್ ಕೊಡೋ ಮೊದಲು ಎರಡು ಡೋಸ್ ಆಂಟಿಬಯೋಟಿಕ್ ತಗೊಂಡುಬಿಟ್ಟೆ. ಪರವಾಗಿಲ್ವಾ?

ಪರವಾಗಿಲ್ಲ ಎನ್ನಲಾಗದು! ಲ್ಯಾಬಿಗೆ ಕಡ್ಡಾಯವಾಗಿ ಹೇಳಿ. ಔಷಧಿಯಿಂದ ಬ್ಯಾಕ್ಟೀರಿಯಾ ಪೂರ್ತಿ ಸಾಯದಿದ್ದರೂ ಪ್ಲೇಟಿನಲ್ಲಿ ಬೆಳೆಯದಷ್ಟು ಸೊರಗಿರುತ್ತದೆ. ಆಗ ರಿಪೋರ್ಟಿನಲ್ಲಿ ‘ಬೆಳವಣಿಗೆ ಇಲ್ಲ’ ಎಂದು ಬರುತ್ತದೆ, ಜ್ವರ ಮಾತ್ರ ಹಾಗೇ ಇರುತ್ತದೆ. ರಕ್ತದ ಕಲ್ಚರ್‌ಗಂತೂ ಮೊದಲು ರಕ್ತ, ಆಮೇಲೆ ಔಷಧಿ ಎನ್ನುವುದೇ ಕ್ರಮ. ರೋಗಿಯ ಸ್ಥಿತಿ ಗಂಭೀರವಾಗಿದ್ದರೆ ಡಾಕ್ಟರ್ ಕಾಯುವುದಿಲ್ಲ, ಅದು ಬೇರೆ ಮಾತು.

ಇನ್ನೊಂದು ವಿಷಯ. ಬೆಳಗ್ಗೆ ಹಿಡಿದ ಮೂತ್ರದ ಡಬ್ಬಿಯನ್ನು ಬ್ಯಾಗಿನಲ್ಲಿಟ್ಟುಕೊಂಡು ಮಧ್ಯಾಹ್ನ ತಂದುಕೊಟ್ಟರೆ ಅಷ್ಟರಲ್ಲಿ ಅದರೊಳಗಿನ ಬ್ಯಾಕ್ಟೀರಿಯಾ ಹೆಚ್ಚಾಗಿರುತ್ತದೆ. ಎರಡು ಗಂಟೆಯೊಳಗೆ ತಲುಪಿಸಿ. ಆಗದಿದ್ದರೆ ಫ್ರಿಜ್ಜಿನಲ್ಲಿಡಿ, ಫ್ರೀಜರ್‌ನಲ್ಲಿ ಬೇಡ. ಮೊದಲ ಧಾರೆ ಬಿಟ್ಟು ನಡುವಿನ ಧಾರೆ ಹಿಡಿಯಿರಿ. ಇಲ್ಲದಿದ್ದರೆ ಚರ್ಮದ ಮೇಲಿನ ಬ್ಯಾಕ್ಟೀರಿಯಾ ಎಲ್ಲ ಸೇರಿ ಮೂರ್ನಾಲ್ಕು ಬಗೆ ಬೆಳೆಯುತ್ತವೆ. ಆಗ ಯಾವುದು ತಪ್ಪಿತಸ್ಥ ಎಂದು ಹೇಳುವುದು ಕಷ್ಟ. ಸ್ಯಾಂಪಲ್ ಕೆಟ್ಟಿದ್ದರೆ ಕೋಟಿ ರೂಪಾಯಿ ಮೆಷಿನ್ ಇದ್ದರೂ ಸರಿಯಾದ ಹೆಸರು ಹೇಳಲಾರದು.

ವಿಡಾಲ್ ಪಾಸಿಟಿವ್ ಬಂದಿದೆ. ಟೈಫಾಯ್ಡ್ ಬ್ಯಾಕ್ಟೀರಿಯಾ ಸಿಕ್ಕಿದೆ ಅಂತ ಅರ್ಥವಾ?

ಇಲ್ಲ. ವಿಡಾಲ್ ಟೆಸ್ಟ್ ಬ್ಯಾಕ್ಟೀರಿಯಾವನ್ನು ಹುಡುಕುವುದೇ ಇಲ್ಲ. ಅದರ ವಿರುದ್ಧ ನಿಮ್ಮ ದೇಹ ಮಾಡಿಕೊಂಡ ಪ್ರತಿಕಾಯ ರಕ್ತದಲ್ಲಿದೆಯಾ ಎಂದು ನೋಡುತ್ತದೆ. ಪ್ರತಿಕಾಯ ಹಿಂದೆ ಯಾವಾಗಲೋ ಬಂದುಹೋದ ಸೋಂಕಿನದ್ದೂ ಇರಬಹುದು, ಲಸಿಕೆಯದ್ದೂ ಇರಬಹುದು, ಬೇರೆ ಜ್ವರದಿಂದ ಸುಳ್ಳು ಪಾಸಿಟಿವ್ ಕೂಡ ಆಗಬಹುದು. ಟೈಫಾಯ್ಡ್ ಸಾಮಾನ್ಯವಾಗಿರುವ ನಮ್ಮಂಥ ಕಡೆ ಒಂದೇ ಒಂದು ವಿಡಾಲ್ ರಿಪೋರ್ಟಿಗೆ ಬೆಲೆ ಕಡಿಮೆ. ಟೈಫಾಯ್ಡ್ ಖಚಿತವಾಗಬೇಕೆಂದರೆ ಜ್ವರದ ಮೊದಲ ವಾರದಲ್ಲೇ ರಕ್ತದ ಕಲ್ಚರ್ ಮಾಡಿಸಬೇಕು. ದೊಡ್ಡವರಾದರೆ ಒಂದು ಬಾಟಲಿಗೆ 8–10 ಮಿ.ಲೀ. ರಕ್ತ ಬೇಕು. ‘ಇಷ್ಟೊಂದಾ?’ ಎಂದು ಹೆದರಬೇಡಿ. ಟೈಫಾಯ್ಡ್‌ನಲ್ಲಿ ರಕ್ತದೊಳಗಿನ ಬ್ಯಾಕ್ಟೀರಿಯಾದ ಸಂಖ್ಯೆ ತೀರಾ ಕಡಿಮೆ. ರಕ್ತ ಕಡಿಮೆ ತೆಗೆದರೆ ಅದು ಕೈಗೆ ಸಿಗುವುದಿಲ್ಲ.

ಪಂಚಾಯ್ತಿಯವರು ಕೊಟ್ಟ ನೀರು ಪರೀಕ್ಷೆ ಬಾಟಲಿ ಕಪ್ಪಾಯ್ತು. ಇ. ಕೊಲೈ ಇದೆ ಅಂತಲಾ?

ಹಾಗೆ ಹೇಳಲಾಗದು. ಆ ಬಾಟಲಿ ತೋರಿಸುವುದು ಹೈಡ್ರೋಜನ್ ಸಲ್ಫೈಡ್ ಅನಿಲವನ್ನು. ಆ ಅನಿಲ ಬಾಟಲಿಯೊಳಗಿನ ಕಬ್ಬಿಣದ ಅಂಶದೊಂದಿಗೆ ಸೇರಿದಾಗ ಕಪ್ಪಾಗುತ್ತದೆ. ಸಾಲ್ಮೊನೆಲ್ಲಾ, ಸಿಟ್ರೋಬ್ಯಾಕ್ಟರ್, ಪ್ರೋಟಿಯಸ್, ಕೆಲವು ಕ್ಲಾಸ್ಟ್ರಿಡಿಯಂಗಳು ಈ ಅನಿಲ ಬಿಡುತ್ತವೆ. ಇ. ಕೊಲೈ ಸಾಮಾನ್ಯವಾಗಿ ಬಿಡುವುದಿಲ್ಲ. ಆದರೂ ಈ ಪರೀಕ್ಷೆ ಬಳಕೆಯಲ್ಲಿರುವುದಕ್ಕೆ ಕಾರಣ ಇದೆ. ಮಲ ಸೇರಿದ ನೀರಿನಲ್ಲಿ ಇಂಥ ಬ್ಯಾಕ್ಟೀರಿಯಾ ಹೆಚ್ಚಾಗಿ ಜೊತೆಗೇ ಇರುತ್ತವೆ. ಭಾರತದ ವಿಜ್ಞಾನಿಗಳೇ 1982ರಲ್ಲಿ ಇದನ್ನು ಪ್ರಕಟಿಸಿದ್ದು, ಕರೆಂಟೂ ಇಲ್ಲದ ಕಡೆ ನೀರು ಪರೀಕ್ಷಿಸಲು.

ಕಪ್ಪಾದರೆ ಆ ನೀರನ್ನು ಕುದಿಸದೆ ಕುಡಿಯಬೇಡಿ, ಜಿಲ್ಲಾ ಲ್ಯಾಬಿಗೆ ಸ್ಯಾಂಪಲ್ ಕಳಿಸಿ. ಅಲ್ಲಿ ಇ. ಕೊಲೈಯನ್ನೇ ನೇರವಾಗಿ ಹುಡುಕುತ್ತಾರೆ. ಕುಡಿಯುವ ನೀರಿನ 100 ಮಿ.ಲೀ.ನಲ್ಲಿ ಒಂದೂ ಇರಬಾರದು ಎನ್ನುವುದು ನಿಯಮ. ಬಾಟಲಿ ಕಪ್ಪಾಗಲಿಲ್ಲ ಎಂದ ಮಾತ್ರಕ್ಕೆ ನೀರು ಪೂರ್ತಿ ಸುರಕ್ಷಿತ ಎಂದೂ ಅಲ್ಲ.

### ಬೆಂಚಿನ ಮೇಲಿನ ಕೆಲಸ

ಗ್ರಾಂ ಸ್ಟೇನ್ ಮಾಡಿದಾಗಲೆಲ್ಲ ನನಗೆ ಎಲ್ಲಾ ಪಿಂಕ್ ಆಗೇ ಬರುತ್ತೆ ಸರ್, ಏನು ತಪ್ಪು ಮಾಡ್ತಿದ್ದೀನಿ?

ಹತ್ತರಲ್ಲಿ ಒಂಬತ್ತು ಸಲ ಆಲ್ಕೋಹಾಲ್ ಜಾಸ್ತಿ ಹೊತ್ತು ಬಿಟ್ಟಿರುತ್ತೀರಿ. ಕ್ರಿಸ್ಟಲ್ ವಯಲೆಟ್ ಒಂದು ನಿಮಿಷ, ಅಯೋಡಿನ್ ಒಂದು ನಿಮಿಷ. ಇಲ್ಲಿಯ ತನಕ ಸ್ವಲ್ಪ ಹೆಚ್ಚುಕಮ್ಮಿ ಆದರೂ ನಡೆಯುತ್ತದೆ. ಈಗ ಸ್ಲೈಡ್ ಓರೆಯಾಗಿ ಹಿಡಿದು ಆಲ್ಕೋಹಾಲ್ ಹನಿ ಹನಿಯಾಗಿ ಬಿಡಿ. ಕೆಳಗೆ ಇಳಿಯುವ ಹನಿಯಲ್ಲಿ ನೇರಳೆ ಬಣ್ಣ ನಿಂತ ಕ್ಷಣವೇ ನೀರು ಹಾಕಿ. ಹತ್ತು ಹದಿನೈದು ಸೆಕೆಂಡಿನ ಕೆಲಸ ಇದು. ಅಸಿಟೋನ್ ಆದರೆ ಎರಡು ಮೂರು ಸೆಕೆಂಡ್ ಸಾಕು. ಆಮೇಲೆ ಗುಲಾಬಿ ಬಣ್ಣ ಕೊಡುವ ಸ್ಯಾಫ್ರನಿನ್.

ಯಾಕೆ ಹೀಗೆ ಎಂದು ತಿಳಿದರೆ ಕೈ ತಾನಾಗಿ ಹದಕ್ಕೆ ಬರುತ್ತದೆ. ವಯಲೆಟ್ ಮತ್ತು ಅಯೋಡಿನ್ ಸೇರಿ ಕೋಶದೊಳಗೆ ದೊಡ್ಡ ಗಂಟಾಗುತ್ತವೆ. ನೇರಳೆಯಾಗೇ ಉಳಿಯುವ ಗ್ರಾಂ ಪಾಸಿಟಿವ್‌ಗಳ ಗೋಡೆ ದಪ್ಪ. ಆಲ್ಕೋಹಾಲ್ ಬಿದ್ದಾಗ ಅದು ಬಿಗಿದುಕೊಂಡು ಬಣ್ಣವನ್ನು ಹಿಡಿದಿಡುತ್ತದೆ. ಕೊನೆಗೆ ಗುಲಾಬಿಯಾಗುವ ಗ್ರಾಂ ನೆಗೆಟಿವ್‌ಗಳ ಗೋಡೆ ತೆಳು, ಅದರ ಹೊರಗೊಂದು ಕೊಬ್ಬಿನ ಪದರ. ಆಲ್ಕೋಹಾಲ್ ಆ ಪದರ ಕರಗಿಸುತ್ತದೆ, ಬಣ್ಣ ತೊಳೆದುಹೋಗುತ್ತದೆ. ಆಲ್ಕೋಹಾಲ್ ಜಾಸ್ತಿ ಹೊತ್ತು ಬಿಟ್ಟರೆ ದಪ್ಪ ಗೋಡೆಯೂ ಕೊನೆಗೆ ಸೋಲುತ್ತದೆ. ಡೆನ್ಮಾರ್ಕಿನ ಹ್ಯಾನ್ಸ್ ಕ್ರಿಶ್ಚಿಯನ್ ಗ್ರಾಂ 1884ರಲ್ಲಿ ಪ್ರಕಟಿಸಿದ ವಿಧಾನ ಇದು. ಇವತ್ತಿಗೂ ಮೊದಲ ಹೆಜ್ಜೆ ಇದೇ.

ತಪ್ಪಾಗಲು ಇನ್ನೆರಡು ಕಾರಣ. ಒಂದು, ಹಳೇ ಕಲ್ಚರ್. ಎರಡು ಮೂರು ದಿನದ ಬ್ಯಾಸಿಲಸ್ ಪಿಂಕ್ ಆಗುವುದು ಮಾಮೂಲು, 18–24 ಗಂಟೆಯದ್ದೇ ಬಳಸಿ. ಎರಡು, ದಪ್ಪ ಸ್ಮಿಯರ್, ಅಂದರೆ ಸ್ಲೈಡಿಗೆ ದಪ್ಪಗೆ ಬಳಿದದ್ದು. ಅನುಮಾನ ಬಂದರೆ ಒಂದು ಉಪಾಯ ಇದೆ. ಸ್ಲೈಡ್ ಮೇಲೆ 3% ಪೊಟ್ಯಾಸಿಯಂ ಹೈಡ್ರಾಕ್ಸೈಡ್ ಒಂದು ಹನಿ ಹಾಕಿ, ಕಾಲನಿಯನ್ನು ಅದರಲ್ಲಿ ಕಲಸಿ, ಲೂಪ್ ಮೇಲಕ್ಕೆತ್ತಿ. ಲೋಳೆಯಂತೆ ನೂಲು ಎಳೆದು ಬಂದರೆ ಗ್ರಾಂ ನೆಗೆಟಿವ್. ಗೋಡೆ ಒಡೆದು ಹೊರಬಂದ ಡಿಎನ್‌ಎ ಆ ನೂಲು. ಪ್ರತಿ ಸಲ ಅದೇ ಸ್ಲೈಡಿನ ಪಕ್ಕದಲ್ಲಿ ಗೊತ್ತಿರುವ ಸ್ಟೆಫೈಲೋಕಾಕಸ್ ಮತ್ತು ಇ. ಕೊಲೈ ಹಚ್ಚುವ ಅಭ್ಯಾಸ ಮಾಡಿಕೊಳ್ಳಿ. ಅವು ಸರಿಯಾಗಿ ಬಣ್ಣ ತೋರಿಸಿದರೆ ಮಾತ್ರ ನಿಮ್ಮದನ್ನು ನಂಬಿ.

ಟಿ.ಬಿ.ಗೆ ಯಾಕೆ ಬೇರೆ ಬಣ್ಣ? ಈಗ ಕಫದ ಸ್ಲೈಡ್ ಬದಲು ಮೆಷಿನ್‌ಗೆ ಹಾಕ್ತಾರಲ್ಲ, ಏನು ವ್ಯತ್ಯಾಸ?

ಟಿ.ಬಿ. ಬ್ಯಾಕ್ಟೀರಿಯಾದ ಗೋಡೆಯಲ್ಲಿ ಮೇಣದಂಥ ಕೊಬ್ಬು ತುಂಬಿರುತ್ತದೆ. ಗ್ರಾಂ ಬಣ್ಣ ಅದರೊಳಗೆ ಸರಿಯಾಗಿ ಇಳಿಯುವುದಿಲ್ಲ. ಹಾಗಾಗಿ ಕಾರ್ಬಾಲ್ ಫುಕ್ಸಿನ್ ಹಾಕಿ ಕೆಳಗಿನಿಂದ ಬಿಸಿ ಮಾಡುತ್ತಾರೆ. ಒಮ್ಮೆ ಬಣ್ಣ ಒಳಹೊಕ್ಕರೆ ಸಲ್ಫ್ಯೂರಿಕ್ ಆಸಿಡ್ ಹಾಕಿದರೂ ಬಿಡುವುದಿಲ್ಲ. ನೀಲಿ ಹಿನ್ನೆಲೆಯಲ್ಲಿ ತೆಳ್ಳಗಿನ ಕೆಂಪು ಕಡ್ಡಿಗಳು ಕಾಣುತ್ತವೆ. ಇದು ಜೀಲ್-ನೀಲ್ಸನ್ ವಿಧಾನ.

ಇದರ ಮಿತಿ ಎರಡು. ಒಂದು ಮಿ.ಲೀ. ಕಫದಲ್ಲಿ ಸುಮಾರು 5,000ದಿಂದ 10,000 ಬ್ಯಾಕ್ಟೀರಿಯಾ ಇದ್ದರೆ ಮಾತ್ರ ಕಣ್ಣಿಗೆ ಬೀಳುತ್ತದೆ. ಮತ್ತೆ ಟಿ.ಬಿ. ತಾರದ ಅದರ ಸಂಬಂಧಿಗಳೂ ಹೀಗೇ ಕೆಂಪಾಗಿ ಕಾಣುತ್ತವೆ. ಕಲ್ಚರ್ ಮಾಡೋಣ ಎಂದರೆ ಟಿ.ಬಿ. ಬ್ಯಾಕ್ಟೀರಿಯಾ ಒಮ್ಮೆ ಇಬ್ಭಾಗವಾಗಲು 15–20 ಗಂಟೆ ಬೇಕು. ಗಟ್ಟಿ ಮಾಧ್ಯಮದಲ್ಲಿ ಎಂಟು ವಾರದವರೆಗೂ ಕಾಯಬೇಕಾಗುತ್ತದೆ. ಸಿಬಿನಾಟ್, ಟ್ರೂನಾಟ್ ಮೆಷಿನ್‌ಗಳು ಬ್ಯಾಕ್ಟೀರಿಯಾವನ್ನು ಬೆಳೆಸುವುದಿಲ್ಲ, ಅದರ ಡಿಎನ್‌ಎ ತುಣುಕನ್ನೇ ಕೋಟಿಗಟ್ಟಲೆ ನಕಲು ಮಾಡಿ ಪತ್ತೆ ಹಚ್ಚುತ್ತವೆ. ಒಂದೆರಡು ಗಂಟೆಯಲ್ಲಿ ಟಿ.ಬಿ. ಇದೆಯಾ ಎಂದು ಗೊತ್ತಾಗುತ್ತದೆ. ಆರ್‌ಪಿಒಬಿ ಎಂಬ ಜೀನ್ ಬದಲಾಗಿದೆಯಾ ಎಂದು ನೋಡಿ ರಿಫಾಂಪಿಸಿನ್ ಔಷಧಿ ಕೆಲಸ ಮಾಡುತ್ತದೋ ಇಲ್ಲವೋ ಎಂದೂ ಹೇಳುತ್ತವೆ. ಟ್ರೂನಾಟ್ ರೂಪುಗೊಂಡದ್ದು ಬೆಂಗಳೂರಿನ ಬಿಗ್‌ಟೆಕ್ ಲ್ಯಾಬ್ಸ್‌ನಲ್ಲಿ, ತಯಾರಿಸುವುದು ಗೋವಾದ ಮೋಲ್‌ಬಯೋ. 2020ರಲ್ಲಿ ವಿಶ್ವ ಆರೋಗ್ಯ ಸಂಸ್ಥೆ ಅದನ್ನು ಒಪ್ಪಿತು. ಬ್ಯಾಟರಿಯಲ್ಲೂ ನಡೆಯುವುದರಿಂದ ತಾಲ್ಲೂಕು ಆಸ್ಪತ್ರೆಗೂ ತಲುಪಿದೆ.

ಇಷ್ಟೊಂದು ಬಗೆಯ ಅಗರ್ ಯಾಕೆ? ಒಂದರಲ್ಲೇ ಎಲ್ಲಾ ಬೆಳೆಸಬಾರದಾ?

ಬೆಳೆಸಬಹುದು, ಆದರೆ ಅಗರ್ ಬರೀ ಊಟವಲ್ಲ, ಅದೂ ಒಂದು ಪರೀಕ್ಷೆಯೇ. ಮ್ಯಾಕ್‌ಕಾಂಕಿ ಅಗರ್‌ನಲ್ಲಿ ಪಿತ್ತದ ಲವಣ ಇರುವುದರಿಂದ ಬಹುಪಾಲು ಗ್ರಾಂ ಪಾಸಿಟಿವ್‌ಗಳು ಏಳುವುದಿಲ್ಲ. ಹಾಲಿನ ಸಕ್ಕರೆಯಾದ ಲ್ಯಾಕ್ಟೋಸ್ ಹುದುಗಿಸುವವು ಗುಲಾಬಿ, ಹುದುಗಿಸದವು ಬಣ್ಣವಿಲ್ಲದೆ ಮಸುಕಾಗಿ ಕಾಣುತ್ತವೆ. ಇ. ಕೊಲೈ ಗುಲಾಬಿ, ಸಾಲ್ಮೊನೆಲ್ಲಾ ಮಸುಕು. ರಕ್ತದ ಅಗರ್‌ನಲ್ಲಿ ಕಾಲನಿಯ ಸುತ್ತ ರಕ್ತ ಪೂರ್ತಿ ಕರಗಿ ತಿಳಿಯಾದ ವಲಯ ಬಂದಿದೆಯಾ, ಹಸಿರು ಛಾಯೆ ಇದೆಯಾ, ಏನೂ ಆಗಿಲ್ಲವಾ ಎಂದು ನೋಡುತ್ತೇವೆ. ಗಂಟಲು ನೋವಿನ ಸ್ಟ್ರೆಪ್ಟೋಕಾಕಸ್ ಪತ್ತೆಗೆ ಅದೇ ಮೊದಲ ಸುಳಿವು.

ಪ್ರಾಕ್ಟಿಕಲ್ ಪರೀಕ್ಷೆಯಲ್ಲಿ ಗೊತ್ತಿಲ್ಲದ ಕಲ್ಚರ್ ಕೊಡ್ತಾರೆ. ಬಯೋಕೆಮಿಕಲ್ ಟೆಸ್ಟ್ ಯಾವುದರಿಂದ ಶುರು ಮಾಡ್ಲಿ?

ಗ್ರಾಂ ಸ್ಟೇನ್ ಉತ್ತರವೇ ದಾರಿ ತೋರಿಸುತ್ತದೆ. ನೇರಳೆ ಗುಂಡುಗಳಾದರೆ ಕ್ಯಾಟಲೇಸ್. ಹೈಡ್ರೋಜನ್ ಪೆರಾಕ್ಸೈಡ್ ಹನಿಗೆ ಕಾಲನಿ ಸೇರಿಸಿದಾಗ ಬುಳುಬುಳು ಗುಳ್ಳೆ ಬಂದರೆ ಸ್ಟೆಫೈಲೋಕಾಕಸ್ ಕಡೆ, ಬಾರದಿದ್ದರೆ ಸ್ಟ್ರೆಪ್ಟೋಕಾಕಸ್ ಕಡೆ. ರಕ್ತದ ಅಗರ್ ಮೇಲಿನ ಕಾಲನಿ ಕೆರೆದು ತೆಗೆಯುವಾಗ ಕೆಂಪು ರಕ್ತಕಣ ಸೇರಿದರೂ ಗುಳ್ಳೆ ಬರುತ್ತದೆ, ನೆನಪಿರಲಿ. ಸ್ಟೆಫೈಲೋಕಾಕಸ್ ಆದರೆ ಮುಂದಿನದು ಕೋಆಗುಲೇಸ್. ಪ್ಲಾಸ್ಮಾ ಗಟ್ಟಿಯಾದರೆ ಸ್ಟೆಫೈಲೋಕಾಕಸ್ ಆರಿಯಸ್.

ಗುಲಾಬಿ ಕಡ್ಡಿಗಳಾದರೆ ಮೊದಲು ಆಕ್ಸಿಡೇಸ್. ಕಾಗದದ ಮೇಲೆ ಉಜ್ಜಿದ ಹತ್ತು ಸೆಕೆಂಡಿನಲ್ಲಿ ಕಡು ನೇರಳೆಯಾದರೆ ಸ್ಯೂಡೋಮೊನಾಸ್, ವಿಬ್ರಿಯೋ ಇತ್ಯಾದಿ. ಆಗದಿದ್ದರೆ ಕರುಳಿನ ಬ್ಯಾಕ್ಟೀರಿಯಾಗಳ ಬಳಗ. ಅಲ್ಲಿ ಇಂಡೋಲ್, ಮೀಥೈಲ್ ರೆಡ್, ವೋಗ್ಸ್-ಪ್ರೋಸ್ಕೌವರ್, ಸಿಟ್ರೇಟ್ ಎಂಬ ನಾಲ್ಕು ಟೆಸ್ಟ್. ಇ. ಕೊಲೈಗೆ ಮೊದಲೆರಡು ಪಾಸಿಟಿವ್, ಕೊನೆಯೆರಡು ನೆಗೆಟಿವ್. ಕ್ಲೆಬ್ಸಿಯೆಲ್ಲಾ ನ್ಯುಮೋನಿಯೆಗೆ ಸಾಮಾನ್ಯವಾಗಿ ಇದರ ತದ್ವಿರುದ್ಧ. ಹಸಿರು ಸಿಟ್ರೇಟ್ ಟ್ಯೂಬ್ ರಾತ್ರಿ ಬೆಳಗಾಗುವುದರೊಳಗೆ ಕಡು ನೀಲಿಯಾಗಿ ನಿಂತದ್ದನ್ನು ನೋಡುವುದೇ ಒಂದು ಖುಷಿ.

ಕಲ್ಚರ್ ಶುದ್ಧವಾಗಿರದಿದ್ದರೆ ಇವೆಲ್ಲ ಸುಳ್ಳು ಹೇಳುತ್ತವೆ. ಎರಡು ಬಗೆ ಸೇರಿಕೊಂಡಿದ್ದರೆ ಅವೆರಡರ ಗುಣವೂ ಕಲಸಿಕೊಂಡು, ಲೋಕದಲ್ಲೇ ಇಲ್ಲದ ಬ್ಯಾಕ್ಟೀರಿಯಾ ಸಿಕ್ಕಂತಾಗುತ್ತದೆ. ಮೊದಲು ಒಂಟಿ ಕಾಲನಿ ತೆಗೆದು ಮತ್ತೊಂದು ಪ್ಲೇಟಿಗೆ ಎಳೆಯಿರಿ.

ಮೆಷಿನ್ ರಿಪೋರ್ಟ್ ಕೊಟ್ಟ ಮೇಲೆ ಮತ್ತೆ ಕೈಯಲ್ಲಿ ಟೆಸ್ಟ್ ಯಾಕೆ? ಮೆಷಿನ್ ತಪ್ಪು ಹೇಳುತ್ತಾ?

ಹೇಳುತ್ತದೆ. ಅದಕ್ಕೆ ಕರಾವಳಿಯಲ್ಲೇ ಉದಾಹರಣೆ ಇದೆ: ಮೆಲಿಯಾಯ್ಡೋಸಿಸ್. ಇದನ್ನು ತರುವ ಬರ್ಖೋಲ್ಡೇರಿಯಾ ಸ್ಯೂಡೋಮ್ಯಾಲಿಯೈ ಮಣ್ಣಿನಲ್ಲಿ, ಕೆಸರು ನೀರಿನಲ್ಲಿ ಇರುತ್ತದೆ. ಮಳೆಗಾಲದಲ್ಲಿ ಗದ್ದೆಗೆ ಇಳಿಯುವವರಿಗೆ, ಅದರಲ್ಲೂ ಸಕ್ಕರೆ ಕಾಯಿಲೆ ಇರುವವರಿಗೆ ಅಪಾಯ ಹೆಚ್ಚು. ಉಡುಪಿ, ಮಂಗಳೂರು, ಮಣಿಪಾಲದ ಕಡೆಯಿಂದ ಬಹಳ ಪ್ರಕರಣ ವರದಿಯಾಗಿವೆ. ಕೆಲವರಿಗೆ ನ್ಯುಮೋನಿಯಾ, ಕೆಲವರಿಗೆ ಯಕೃತ್ತಿನಲ್ಲೋ ಗುಲ್ಮದಲ್ಲೋ ಕೀವು, ಕೆಲವರಿಗೆ ತಿಂಗಳುಗಟ್ಟಲೆ ಜ್ವರ. ಎಷ್ಟೋ ಮಂದಿಗೆ ಟಿ.ಬಿ. ಎಂದು ಚಿಕಿತ್ಸೆ ನಡೆದಿರುತ್ತದೆ.

ಲ್ಯಾಬಿನಲ್ಲಿ ಏನಾಗುತ್ತದೆ ನೋಡಿ. ಕೀವಿನಲ್ಲಿ ಗುಲಾಬಿ ಕಡ್ಡಿ ಬರುತ್ತದೆ, ಆಕ್ಸಿಡೇಸ್ ಪಾಸಿಟಿವ್. ಅವಸರದಲ್ಲಿದ್ದವರು ‘ಸ್ಯೂಡೋಮೊನಾಸ್ ಜಾತಿ’ ಎಂದು ಬರೆದು ಮುಗಿಸುತ್ತಾರೆ. ಆಟೊಮ್ಯಾಟಿಕ್ ಮೆಷಿನ್ ಕೆಲವೊಮ್ಮೆ ಬರ್ಖೋಲ್ಡೇರಿಯಾ ಸೆಪೇಸಿಯಾ ಎನ್ನುತ್ತದೆ. ಪ್ಲೇಟನ್ನು ಮಾರನೇ ದಿನವೇ ಎಸೆದರೆ ಸುಳಿವೂ ಹೋಯಿತು. ಯಾಕೆಂದರೆ ಕಾಲನಿ ಮೊದಲ ದಿನ ಚಿಕ್ಕದು, ನಯ. ಮೂರು ನಾಲ್ಕು ದಿನ ಬಿಟ್ಟರೆ ಒಣಗಿ ನೆರಿಗೆ ಕಟ್ಟುತ್ತದೆ. ಇದಕ್ಕೆಂದೇ ಇರುವ ಆಶ್‌ಡೌನ್ ಅಗರ್‌ನಲ್ಲಿ ನೇರಳೆ ಬಣ್ಣದ ನೆರಿಗೆ ಇನ್ನೂ ಚೆನ್ನಾಗಿ ಕಾಣುತ್ತದೆ. ಸ್ಲೈಡ್ ಗಮನವಿಟ್ಟು ನೋಡಿದರೆ ಕಡ್ಡಿಯ ಎರಡೂ ತುದಿಗೆ ಬಣ್ಣ ಹಿಡಿದು ನಡು ಖಾಲಿಯಿರುತ್ತದೆ, ಸೇಫ್ಟಿ ಪಿನ್ ಥರ.

ನನಗೆ ಬಲು ಇಷ್ಟವಾದ ಸುಳಿವು ಪ್ಲೇಟಿನ ಮೇಲೆ ಇಡುವ ಔಷಧಿ ಬಿಲ್ಲೆಗಳದ್ದು. ಜೆಂಟಾಮೈಸಿನ್ ಮತ್ತು ಕೋಲಿಸ್ಟಿನ್ ಬಿಲ್ಲೆಗಳ ಸುತ್ತ ಬ್ಯಾಕ್ಟೀರಿಯಾ ಯಾವ ಅಡ್ಡಿಯೂ ಇಲ್ಲದೆ ಬೆಳೆದಿರುತ್ತದೆ. ಅಮಾಕ್ಸಿಸಿಲಿನ್-ಕ್ಲಾವುಲಾನೇಟ್ ಬಿಲ್ಲೆಯ ಸುತ್ತ ಮಾತ್ರ ಏನೂ ಬೆಳೆಯದ ತಿಳಿ ವಲಯ. ಮಾಮೂಲಿ ಸ್ಯೂಡೋಮೊನಾಸ್ ಏರುಜಿನೋಸಾ ಹೀಗೆ ಮಾಡುವುದಿಲ್ಲ, ಅದಕ್ಕೆ ಕ್ಲಾವುಲಾನೇಟ್ ಲೆಕ್ಕಕ್ಕೇ ಇಲ್ಲ. ಈ ಮೂರು ಬಿಲ್ಲೆ ಯಾವ ಸಣ್ಣ ಲ್ಯಾಬಿನಲ್ಲೂ ಸಿಗುತ್ತವೆ. ಈ ಚಿತ್ರ ಕಂಡರೆ ಪ್ಲೇಟನ್ನು ಮೂಸಬೇಡಿ, ತೆರೆದಿಟ್ಟು ಕೆಲಸ ಮಾಡಬೇಡಿ. ಬಯೋಸೇಫ್ಟಿ ಕ್ಯಾಬಿನೆಟ್‌ಗೆ ಸಾಗಿಸಿ, ಲೇಟೆಕ್ಸ್ ಪರೀಕ್ಷೆಯಿಂದಲೋ (ಪ್ರತಿಕಾಯ ಹಚ್ಚಿದ ಕಣಗಳು ಗಂಟುಗಟ್ಟುತ್ತವಾ ಎಂದು ನೋಡುವುದು) ಪಿಸಿಆರ್‌ನಿಂದಲೋ (ಡಿಎನ್‌ಎ ನಕಲು ಮಾಡಿ ಪತ್ತೆ ಹಚ್ಚುವುದು) ಖಚಿತ ಮಾಡಿಸಿ.

ಹೆಸರು ಸರಿಯಾಗಿ ಸಿಗುವುದರಿಂದ ಏನು ಉಪಯೋಗ? ಈ ಕಾಯಿಲೆಗೆ ಎರಡು ವಾರದಷ್ಟಾದರೂ ಸೆಫ್ಟಾಜಿಡೀಮ್ ಅಥವಾ ಮೆರೊಪೆನೆಮ್ ಇಂಜೆಕ್ಷನ್, ಆಮೇಲೆ ಕನಿಷ್ಠ ಮೂರು ತಿಂಗಳು ಕೋ-ಟ್ರೈಮಾಕ್ಸಜೋಲ್ ಮಾತ್ರೆ ಬೇಕು. ‘ಸ್ಯೂಡೋಮೊನಾಸ್’ ಎಂದು ತಿಳಿದು ಹತ್ತು ದಿನಕ್ಕೆ ಔಷಧಿ ನಿಲ್ಲಿಸಿದರೆ ಕಾಯಿಲೆ ಮರಳಿ ಬರುತ್ತದೆ, ಜೀವವೇ ಹೋಗಬಹುದು.

ಮಾಲ್ಡಿ-ಟಾಫ್ ಅಂದ್ರೇನು? ಅದು ಬಂದ ಮೇಲೆ ಹಳೇ ಟೆಸ್ಟ್‌ಗಳು ಬೇಕಾ?

ಕಾಲನಿಯ ಒಂದು ಚೂರನ್ನು ಲೋಹದ ತಟ್ಟೆಗೆ ಹಚ್ಚಿ, ಮೇಲೊಂದು ರಾಸಾಯನಿಕ ಹನಿಸಿ, ಲೇಸರ್ ಹೊಡೆಯುತ್ತಾರೆ. ಬ್ಯಾಕ್ಟೀರಿಯಾದ ಪ್ರೋಟೀನುಗಳು ಆವಿಯಾಗಿ, ವಿದ್ಯುದಾವೇಶ ಪಡೆದು, ಕೊಳವೆಯಲ್ಲಿ ಹಾರುತ್ತವೆ. ಹಗುರವಾದವು ಬೇಗ, ಭಾರದವು ತಡವಾಗಿ ಆಚೆ ತುದಿ ಮುಟ್ಟುತ್ತವೆ. ಆ ಹೊತ್ತಿನ ಲೆಕ್ಕದಿಂದ ತೂಕಗಳ ಒಂದು ಗೆರೆಚಿತ್ರ ಸಿಗುತ್ತದೆ. ಹೆಚ್ಚಾಗಿ 2,000ದಿಂದ 20,000 ಡಾಲ್ಟನ್ (ಅಣುವಿನ ತೂಕದ ಅಳತೆ) ತೂಕದ, ರೈಬೋಸೋಮ್ ಎಂಬ ಕೋಶದ ಪ್ರೋಟೀನು ತಯಾರಕದ ಪ್ರೋಟೀನುಗಳು. ಮೆಷಿನ್ ಆ ಚಿತ್ರವನ್ನು ತನ್ನ ಸಂಗ್ರಹದೊಂದಿಗೆ ಹೋಲಿಸಿ ಕೆಲವೇ ನಿಮಿಷದಲ್ಲಿ ಹೆಸರು ಹೇಳುತ್ತದೆ. ಮೆಷಿನ್ ದುಬಾರಿ, ಆದರೆ ಒಂದೊಂದು ಸ್ಯಾಂಪಲ್ಲಿಗೆ ತಗಲುವ ಖರ್ಚು ಕಡಿಮೆ.

ಸಂಗ್ರಹದಲ್ಲಿ ಇಲ್ಲದ್ದನ್ನು ಅದು ಗುರುತಿಸದು. ಸ್ಯೂಡೋಮ್ಯಾಲಿಯೈ ಸಂಗ್ರಹದಲ್ಲಿಲ್ಲದ ಮೆಷಿನ್ ಅದನ್ನು ಥಾಯ್ಲೆಂಡೆನ್ಸಿಸ್ ಎಂಬ ನಿರುಪದ್ರವಿ ಸಂಬಂಧಿ ಎಂದು ಹೇಳಬಹುದು. ಇ. ಕೊಲೈ ಮತ್ತು ಶಿಗೆಲ್ಲಾವನ್ನು ಬೇರೆ ಮಾಡಲು ತಡವರಿಸುತ್ತದೆ. ನ್ಯುಮೋನಿಯಾ ತರುವ ಸ್ಟ್ರೆಪ್ಟೋಕಾಕಸ್ ಮತ್ತು ಬಾಯಲ್ಲಿ ಸುಮ್ನೆ ಇರುವ ಮೈಟಿಸ್ ವಿಷಯದಲ್ಲೂ ಅಷ್ಟೇ. ಅಲ್ಲಿ ಆಪ್ಟೋಚಿನ್ ಬಿಲ್ಲೆ, ಪಿತ್ತದಲ್ಲಿ ಕರಗುವ ಪರೀಕ್ಷೆಗಳೇ ಇವತ್ತಿಗೂ ಕೈಹಿಡಿಯುವುದು.

ಪ್ಲೇಟಿನಲ್ಲಿ ಬೆಳೆಯದ ಬ್ಯಾಕ್ಟೀರಿಯಾನ ಹೇಗೆ ಹಿಡೀತಾರೆ?

ಬಳಸು ದಾರಿಯಿಂದ. ಕುಷ್ಠದ ಬ್ಯಾಕ್ಟೀರಿಯಾವನ್ನು ಇವತ್ತಿನವರೆಗೂ ಯಾರೂ ಕೃತಕ ಮಾಧ್ಯಮದಲ್ಲಿ ಬೆಳೆಸಿಲ್ಲ. ಚರ್ಮದ ಸ್ಮಿಯರ್‌ಗೆ ಆಸಿಡ್ ತಡೆಯುವ ಬಣ್ಣ ಹಾಕಿ ನೋಡುತ್ತೇವೆ. ಸಿಫಿಲಿಸ್‌ಗೆ ರಕ್ತದಲ್ಲಿನ ಪ್ರತಿಕಾಯ. ಮಲೆನಾಡು, ಕರಾವಳಿಯಲ್ಲಿ ಮಳೆಗಾಲಕ್ಕೆ ಬರುವ ಇಲಿಜ್ವರದ ಲೆಪ್ಟೋಸ್ಪೈರಾ ವಿಶೇಷ ಮಾಧ್ಯಮದಲ್ಲಿ ಬೆಳೆಯುತ್ತದೆ, ಆದರೆ ವಾರಗಟ್ಟಲೆ ಬೇಕು. ರೋಗಿ ಅಲ್ಲಿಯವರೆಗೆ ಕಾಯಲಾರ. ಹಾಗಾಗಿ ಮೊದಲ ವಾರ ಪಿಸಿಆರ್, ಆಮೇಲೆ ಪ್ರತಿಕಾಯ ಹುಡುಕುವ ಐಜಿಎಂ ಎಲೈಸಾ.

### ಆಳಕ್ಕೆ ಇಳಿದವರು ಕೇಳುವವು

16ಎಸ್ ಸೀಕ್ವೆನ್ಸ್ 99% ಮ್ಯಾಚ್ ಆಯ್ತು. ಪ್ರಾಜೆಕ್ಟ್ ರಿಪೋರ್ಟಿನಲ್ಲಿ ಹೆಸರು ಬರೆದುಬಿಡ್ಲಾ?

ಸ್ವಲ್ಪ ತಡೆಯಿರಿ. 16ಎಸ್ ರೈಬೋಸೋಮಲ್ ಆರ್‌ಎನ್‌ಎ ಜೀನ್ ಎಲ್ಲಾ ಬ್ಯಾಕ್ಟೀರಿಯಾದಲ್ಲೂ ಇದೆ. ಉದ್ದ ಸುಮಾರು 1,500 ಡಿಎನ್‌ಎ ಅಕ್ಷರ. ಅದರ ಕೆಲವು ಭಾಗ ಎಲ್ಲರಲ್ಲೂ ಬಹುತೇಕ ಒಂದೇ, ಹಾಗಾಗಿ ಒಂದೇ ಜೋಡಿ ಪ್ರೈಮರ್ (ನಕಲು ಶುರುಮಾಡುವ ಪುಟ್ಟ ಡಿಎನ್‌ಎ ತುಣುಕು) ಎಲ್ಲಕ್ಕೂ ಕೂರುತ್ತದೆ. ನಡುನಡುವೆ ಒಂಬತ್ತು ಭಾಗಗಳು ಬದಲಾಗುತ್ತಾ ಬಂದಿವೆ, ಸಂಬಂಧ ಅಳೆಯುವುದು ಅವುಗಳಿಂದ. ಕಾರ್ಲ್ ವೋಸ್ ಮತ್ತು ಜಾರ್ಜ್ ಫಾಕ್ಸ್ 1977ರಲ್ಲಿ ಇದೇ ಅಣುವನ್ನು ಹೋಲಿಸಿ, ಬ್ಯಾಕ್ಟೀರಿಯಾದಂತೆ ಕಂಡರೂ ಬ್ಯಾಕ್ಟೀರಿಯಾ ಅಲ್ಲದ ಆರ್ಕಿಯಾ ಎಂಬ ಪ್ರತ್ಯೇಕ ಬಳಗವನ್ನೇ ತೋರಿಸಿಕೊಟ್ಟರು.

98.7%ಗಿಂತ ಕಡಿಮೆ ಹೋಲಿಕೆ ಇದ್ದರೆ ಬೇರೆ ಪ್ರಭೇದ ಇರಬಹುದು ಎಂದು ಧೈರ್ಯವಾಗಿ ಹೇಳಬಹುದು. ಅದಕ್ಕಿಂತ ಜಾಸ್ತಿ ಇದ್ದರೆ ಒಂದೇ ಪ್ರಭೇದ ಎಂದು ಹೇಳಲಾಗದು. ಆಂಥ್ರಾಕ್ಸ್ ತರುವ ಬ್ಯಾಸಿಲಸ್, ಹಳಸಿದ ಅನ್ನದಿಂದ ವಾಂತಿ ತರುವ ಬ್ಯಾಸಿಲಸ್ ಸೀರಿಯಸ್, ಹೊಲದಲ್ಲಿ ಕೀಟನಾಶಕವಾಗಿ ಸಿಂಪಡಿಸುವ ಥುರಿಂಜಿಯೆನ್ಸಿಸ್ ಮೂರರ 16ಎಸ್ ಬಹುತೇಕ ಒಂದೇ. ಇನ್ನೊಂದು ಎಚ್ಚರ. ಹುಡುಕಾಟದಲ್ಲಿ ಮೊದಲು ಬಂದ ಹೆಸರೇ ಸರಿ ಎಂದುಕೊಳ್ಳಬೇಡಿ. ಸಾರ್ವಜನಿಕ ಸಂಗ್ರಹದಲ್ಲಿ ಯಾರೋ ತಪ್ಪು ಹೆಸರಿಟ್ಟು ಹಾಕಿದ ಸೀಕ್ವೆನ್ಸ್‌ಗಳೂ ಇವೆ. ಟೈಪ್ ಸ್ಟ್ರೇನ್, ಅಂದರೆ ಆ ಪ್ರಭೇದದ ಹೆಸರಿಗೆ ಆಧಾರವಾಗಿಟ್ಟ ಮೂಲ ಕಲ್ಚರ್ ಜೊತೆ ಮಾತ್ರ ಹೋಲಿಸಿ. ರಿಪೋರ್ಟಿನಲ್ಲಿ ‘ಬ್ಯಾಸಿಲಸ್ ಕುಲ, ಇಂಥದ್ದಕ್ಕೆ ಹತ್ತಿರ’ ಎಂದು ಬರೆದರೆ ಮಾರ್ಕ್ಸ್ ಕಡಿಮೆಯಾಗುವುದಿಲ್ಲ.

ಬ್ಯಾಕ್ಟೀರಿಯಾದಲ್ಲಿ ಗಂಡು ಹೆಣ್ಣು ಇಲ್ಲ. ಹಾಗಾದ್ರೆ ಪ್ರಭೇದ ಅಂತ ಯಾವ ಆಧಾರದ ಮೇಲೆ ಹೇಳ್ತಾರೆ?

ಪ್ರಾಣಿಗಳಲ್ಲಿ ಕೂಡಿ ಮರಿ ಹಾಕುವುದೇ ಅಳತೆ. ಇಲ್ಲಿ ಅದಿಲ್ಲ. 1987ರಲ್ಲಿ ಒಪ್ಪಿಕೊಂಡ ಅಳತೆ ಡಿಎನ್‌ಎಗಳನ್ನು ಬೆರೆಸುವುದು. ಎರಡು ಬ್ಯಾಕ್ಟೀರಿಯಾದ ಡಿಎನ್‌ಎ ಒಂದಕ್ಕೊಂದು 70% ಅಥವಾ ಹೆಚ್ಚು ಕೂಡಿಕೊಂಡರೆ ಒಂದೇ ಪ್ರಭೇದ. ಈಗ ಪೂರ್ತಿ ಜೀನೋಮ್ (ಬ್ಯಾಕ್ಟೀರಿಯಾದ ಒಟ್ಟು ಡಿಎನ್‌ಎ) ಓದುವುದು ಸುಲಭವಾಗಿರುವುದರಿಂದ ಎರಡರ ಸಮಾನ ಭಾಗಗಳನ್ನು ಅಕ್ಷರ ಅಕ್ಷರ ಹೋಲಿಸಿ ಸರಾಸರಿ ತೆಗೆಯುತ್ತಾರೆ. 95–96% ಮೇಲಿದ್ದರೆ ಒಂದೇ ಪ್ರಭೇದ.

ಇದು ಮನುಷ್ಯರು ಹಾಕಿಕೊಂಡ ಗೆರೆ ಎಂಬುದು ನೆನಪಿರಲಿ. ಲ್ಯಾಬಿನಲ್ಲಿ ಸಾಕುವ ನಿರುಪದ್ರವಿ ಕೆ-12 ಮತ್ತು ರಕ್ತಭೇದಿ ತರುವ ಒ157:ಎಚ್7 ಎರಡೂ ಇ. ಕೊಲೈ ಪ್ರಭೇದವೇ. ಆದರೂ ಕೆ-12ರಲ್ಲಿ ಇಲ್ಲದ 1,387 ಜೀನ್‌ಗಳು ಒ157ರಲ್ಲಿವೆ. ಬ್ಯಾಕ್ಟೀರಿಯಾಗಳು ತಮ್ಮ ನಡುವೆ ಜೀನ್ ಕೊಟ್ಟು ತೆಗೆದುಕೊಳ್ಳುತ್ತಲೇ ಇರುತ್ತವೆ. ಪ್ರಭೇದದ ಹೆಸರು ಕೇಳಿದ ಮಾತ್ರಕ್ಕೆ ಅದರ ಸ್ವಭಾವ ಪೂರ್ತಿ ಗೊತ್ತಾಯಿತು ಎಂದುಕೊಳ್ಳಬೇಡಿ.

ಹಾಗಾದ್ರೆ ಶಿಗೆಲ್ಲಾ ಕೂಡ ಇ. ಕೊಲೈನೇ ಅಂತಾರಲ್ಲ, ಹೆಸರು ಯಾಕೆ ಬೇರೆ?

ಜೀನೋಮ್ ನೋಡಿದರೆ ಹೌದು, ಶಿಗೆಲ್ಲಾಗಳು ಇ. ಕೊಲೈ ಒಳಗೇ ಬೀಳುತ್ತವೆ. ಹೆಸರು ಉಳಿಸಿಕೊಂಡಿರುವುದು ವೈದ್ಯರಿಗಾಗಿ. ‘ಶಿಗೆಲ್ಲಾ’ ಎಂದರೆ ರಕ್ತಭೇದಿ, ಬಹಳ ಬೇಗ ಹರಡುತ್ತದೆ ಎಂದು ತಕ್ಷಣ ಅರ್ಥವಾಗುತ್ತದೆ. ಬದಲಾಯಿಸಿದರೆ ಗೊಂದಲದಲ್ಲಿ ಅನಾಹುತ ಆದೀತು. ಇದು ಸರಿಯಾದ ತೀರ್ಮಾನ ಎಂದೇ ನನ್ನ ಅಭಿಪ್ರಾಯ. ಬೆಂಚಿನ ಮೇಲೆ ಬೇರೆ ಮಾಡಲು ಚಲನೆ ನೋಡಿ. ಶಿಗೆಲ್ಲಾ ಅಲುಗಾಡುವುದಿಲ್ಲ, ಸಾಮಾನ್ಯವಾಗಿ ಗ್ಯಾಸ್ ಬಿಡುವುದಿಲ್ಲ, ಲೈಸಿನ್ ಪರೀಕ್ಷೆ ನೆಗೆಟಿವ್. ಆಮೇಲೆ ಆಂಟಿಸೀರಂ (ಗೊತ್ತಿರುವ ಪ್ರತಿಕಾಯ ಇರುವ ದ್ರವ) ಹಾಕಿ ಖಚಿತ ಮಾಡಿ.

ಲ್ಯಾಕ್ಟೋಬ್ಯಾಸಿಲಸ್ ಹೆಸರು ಬದಲಾಯ್ತಂತೆ. ನಮ್ಮ ಮೊಸರಿನದ್ದೂ ಬದಲಾಯ್ತಾ? ಪದೇ ಪದೇ ಯಾಕೆ ಹೀಗೆ ಮಾಡ್ತಾರೆ?

ಕುಲ ಎಂದರೆ ಹತ್ತಿರದವರ ಗುಂಪಾಗಿರಬೇಕು. ಲ್ಯಾಕ್ಟೋಬ್ಯಾಸಿಲಸ್ ಎಂಬ ಒಂದೇ ಹೆಸರಿನಡಿ ಒಂದಕ್ಕೊಂದು ಬಹಳ ದೂರದ 260ಕ್ಕೂ ಹೆಚ್ಚು ಪ್ರಭೇದ ತುಂಬಿಕೊಂಡಿದ್ದವು. 2020ರಲ್ಲಿ ಅವನ್ನು 25 ಕುಲಗಳಾಗಿ ಹಂಚಿದರು. ಪ್ಲಾಂಟಾರಂ ಈಗ ಲ್ಯಾಕ್ಟಿಪ್ಲಾಂಟಿಬ್ಯಾಸಿಲಸ್, ಕೇಸಿಯೈ ಈಗ ಲ್ಯಾಕ್ಟಿಕೇಸಿಬ್ಯಾಸಿಲಸ್. ಯೋಗರ್ಟ್‌ಗೆ ಬಳಸುವ ಬಲ್ಗಾರಿಕಸ್ ಮಾತ್ರ ಲ್ಯಾಕ್ಟೋಬ್ಯಾಸಿಲಸ್ ಆಗಿಯೇ ಉಳಿಯಿತು, ಯಾಕೆಂದರೆ ಅದು ಸೇರಿರುವ ಡೆಲ್‌ಬ್ರೂಕಿಯೈಯೇ ಆ ಕುಲದ ಮೂಲ ಪ್ರಭೇದ. ಮನೆಯ ಮೊಸರಿನಲ್ಲಿ ಅದರ ಜೊತೆ ಲ್ಯಾಕ್ಟೋಕಾಕಸ್, ಸ್ಟ್ರೆಪ್ಟೋಕಾಕಸ್ ಥರ್ಮೋಫಿಲಸ್ ಕೂಡ ಇರುತ್ತವೆ. ಹೆಪ್ಪು ಹಾಕಿದವರ ಮನೆಯಿಂದ ಮನೆಗೆ ಈ ಮಿಶ್ರಣ ಬೇರೆ.

ಡಾಕ್ಟರುಗಳಿಗೆ ತಲೆಬಿಸಿ ಆಗುವುದು ನಿಜ. ಕ್ಲಾಸ್ಟ್ರಿಡಿಯಂ ಡಿಫಿಸಿಲ್ 2016ರಲ್ಲಿ ಕ್ಲಾಸ್ಟ್ರಿಡಿಯಾಯ್ಡಿಸ್ ಆಯಿತು. ಎಂಟೆರೋಬ್ಯಾಕ್ಟರ್ ಏರೋಜಿನೀಸ್ 2017ರಲ್ಲಿ ಕ್ಲೆಬ್ಸಿಯೆಲ್ಲಾ ಆಯಿತು. ಮೇಲೆ ಹೇಳಿದ ಸ್ಯೂಡೋಮ್ಯಾಲಿಯೈ ಕೂಡ 1992ರವರೆಗೆ ಸ್ಯೂಡೋಮೊನಾಸ್ ಕುಲದಲ್ಲೇ ಇತ್ತು. ಲ್ಯಾಬ್ ರಿಪೋರ್ಟಿನಲ್ಲಿ ಕೆಲವು ವರ್ಷ ಹಳೇ ಹೆಸರನ್ನೂ ಜೊತೆಗೆ ಬರೆಯುವುದು ಒಳ್ಳೆಯದು.

ಒಂದೇ ಪ್ರಭೇದದೊಳಗೆ ಈ ಊರಿನದ್ದು, ಆ ಊರಿನದ್ದು ಅಂತ ಹೇಗೆ ಬೇರೆ ಮಾಡ್ತಾರೆ?

ಇದಕ್ಕೆ ಟೈಪಿಂಗ್ ಎನ್ನುತ್ತಾರೆ. ಹಳೆಯ ದಾರಿ ಸೀರಂ. ಬ್ಯಾಕ್ಟೀರಿಯಾದ ಮೈಮೇಲಿನ ಒ ಅಂಶ, ಬಾಲದ ಎಚ್ ಅಂಶ ಯಾವ ಆಂಟಿಸೀರಂಗೆ ಗಂಟುಗಟ್ಟುತ್ತವೆ ಎಂದು ನೋಡುವುದು. ಸಾಲ್ಮೊನೆಲ್ಲಾದಲ್ಲಿ ಹೀಗೆ 2,500ಕ್ಕೂ ಹೆಚ್ಚು ಬಗೆ ಗುರುತಿಸಿದ್ದಾರೆ. ಟೈಫಿ ಅದರಲ್ಲೊಂದು. ಕಾಲರಾದಲ್ಲಿ ಬಹುಕಾಲ ಒ1 ಒಂದೇ ದೊಡ್ಡ ಹಾವಳಿ ಎಬ್ಬಿಸುತ್ತಿತ್ತು. 1992ರಲ್ಲಿ ಮದ್ರಾಸಿನಲ್ಲಿ ಒ1 ಸೀರಂಗೆ ಗಂಟುಗಟ್ಟದ ಕಾಲರಾ ಕಂಡಿತು. ಅದೇ ಒ139. ಒ1 ಸೀರಂ ಮಾತ್ರ ಇಟ್ಟುಕೊಂಡ ಲ್ಯಾಬ್ ಅದನ್ನು ‘ಕಾಲರಾ ಅಲ್ಲ’ ಎಂದುಬಿಡುತ್ತಿತ್ತು.

1998ರಿಂದ ಏಳೆಂಟು ಅಗತ್ಯ ಜೀನ್‌ಗಳ ಅಕ್ಷರಗಳನ್ನು ಹೋಲಿಸಿ ನಂಬರ್ ಕೊಡುವ ವಿಧಾನ ಬಂತು. ಈಗ ಪೂರ್ತಿ ಜೀನೋಮ್ ಓದುತ್ತಾರೆ. ಒಂದೇ ಐಸಿಯುನ ನಾಲ್ಕು ರೋಗಿಗಳ ಕ್ಲೆಬ್ಸಿಯೆಲ್ಲಾಗಳ ನಡುವೆ ಬೆರಳೆಣಿಕೆಯಷ್ಟು ಅಕ್ಷರ ಮಾತ್ರ ವ್ಯತ್ಯಾಸವಿದ್ದರೆ, ಅದು ಅಲ್ಲೇ ಒಬ್ಬರಿಂದ ಒಬ್ಬರಿಗೆ ಹರಡಿದೆ ಎಂದು ಅರ್ಥ. ಆಗ ಸಿಂಕ್, ವೆಂಟಿಲೇಟರ್ ಕೊಳವೆ, ಕೈ ತೊಳೆಯುವ ಕ್ರಮ ಎಲ್ಲವನ್ನೂ ಹುಡುಕಬೇಕು.

ನಮ್ಮ ಕೆರೆ ಮಣ್ಣಿನಲ್ಲಿ ಹೊಸ ಬ್ಯಾಕ್ಟೀರಿಯಾ ಸಿಕ್ಕಿದೆ ಅನಿಸುತ್ತೆ. ಊರಿನ ಹೆಸರು ಇಡಬಹುದಾ?

ಇಡಬಹುದು, ಆದರೆ ದಾರಿ ಉದ್ದ. 16ಎಸ್ ಹೋಲಿಕೆ 98.7%ಗಿಂತ ಕಡಿಮೆ ಇದೆಯಾ ನೋಡಿ. ಹೆಚ್ಚಿದ್ದರೂ ಪೂರ್ತಿ ಜೀನೋಮ್ ಓದಿಸಿ, ಹತ್ತಿರದ ಟೈಪ್ ಸ್ಟ್ರೇನ್‌ಗಳ ಜೊತೆ ಸರಾಸರಿ ಹೋಲಿಕೆ 95%ಗಿಂತ ಕೆಳಗಿದ್ದರೆ ಮುಂದುವರಿಯಿರಿ. ಆಕಾರ, ಬಣ್ಣ, ಯಾವ ಉಷ್ಣಾಂಶ ಮತ್ತು ಎಷ್ಟು ಉಪ್ಪಿನಲ್ಲಿ ಬೆಳೆಯುತ್ತದೆ, ಕೋಶದ ಕೊಬ್ಬಿನಾಮ್ಲ ಯಾವುದು, ಎಲ್ಲವನ್ನೂ ಆ ಹತ್ತಿರದವುಗಳ ಪಕ್ಕದಲ್ಲಿಟ್ಟು ಪರೀಕ್ಷಿಸಬೇಕು. ಜೀವಂತ ಕಲ್ಚರನ್ನು ಎರಡು ಬೇರೆ ದೇಶಗಳ ಸಂಗ್ರಹಾಲಯಕ್ಕೆ ಕೊಡುವುದು ಕಡ್ಡಾಯ. ನಮ್ಮಲ್ಲಿ ಚಂಡೀಗಢದ ಎಂಟಿಸಿಸಿ, ಪುಣೆಯ ಎನ್‌ಸಿಐಎಂ ಇವೆ. ಹೊರದೇಶಕ್ಕೆ ಕಳಿಸುವ ಮೊದಲು ಜೀವವೈವಿಧ್ಯ ಕಾಯ್ದೆಯ ಕಾಗದಪತ್ರ ವಿಚಾರಿಸಿಕೊಳ್ಳಿ. ಬೆಳೆಸಲಾಗದೆ ಬರೀ ಡಿಎನ್‌ಎ ಸಿಕ್ಕಿದ್ದರೆ ‘ಕ್ಯಾಂಡಿಡೇಟಸ್’ ಎಂಬ ತಾತ್ಕಾಲಿಕ ಹೆಸರು ಸಿಗುತ್ತದೆ. 2022ರಿಂದ ಜೀನೋಮನ್ನೇ ಆಧಾರವಾಗಿಟ್ಟು ಹೆಸರಿಡುವ ಇನ್ನೊಂದು ನಿಯಮಾವಳಿಯೂ ಇದೆ.

ಹೆಸರು ಲ್ಯಾಟಿನ್ ವ್ಯಾಕರಣಕ್ಕೆ ಹೊಂದಬೇಕು. ತನ್ನ ಹೆಸರನ್ನೇ ಇಟ್ಟುಕೊಳ್ಳುವುದು ಸಂಪ್ರದಾಯವಲ್ಲ. ಊರು, ಗುರು, ಸಂಸ್ಥೆ ಯಾವುದಾದರೂ ಸರಿ. ಇಸ್ರೋ 2005ರಲ್ಲಿ ಹಾರಿಸಿದ ಬಲೂನು ವಾಯುಮಂಡಲದ ಮೇಲಿನಿಂದ ತಂದ ಗಾಳಿಯಲ್ಲಿ ಸಿಕ್ಕ ಮೂರು ಬ್ಯಾಕ್ಟೀರಿಯಾಗಳಿಗೆ 2009ರಲ್ಲಿ ಹೆಸರಿಟ್ಟರು: ಜಾನಿಬ್ಯಾಕ್ಟರ್ ಹಾಯ್ಲಿಯೈ, ಬ್ಯಾಸಿಲಸ್ ಇಸ್ರೊನೆನ್ಸಿಸ್, ಬ್ಯಾಸಿಲಸ್ ಆರ್ಯಭಟ್ಟಾಯ್. ಕೊನೆಯೆರಡನ್ನು ಆಮೇಲೆ ಬ್ಯಾಸಿಲಸ್ ಕುಲದಿಂದ ಹೊರಗೆ ಸಾಗಿಸಿದ್ದಾರೆ. ಆರ್ಯಭಟ್ಟಾಯ್ ಈಗ ಪ್ರೀಸ್ಟಿಯಾ ಕುಲದಲ್ಲಿದೆ. ಕುಲದ ಹೆಸರು ಬದಲಾದರೂ ಇಟ್ಟ ಪ್ರಭೇದದ ಹೆಸರು ಹಾಗೇ ಜೊತೆಗೆ ಹೋಗುತ್ತದೆ. ಕಾಲನಿ ಮೊದಲು ಶುದ್ಧ ಮಾಡಿ, ಗ್ಲಿಸರಾಲ್‌ನಲ್ಲಿ ಹಾಕಿ ಮೈನಸ್ 80 ಡಿಗ್ರಿಯಲ್ಲಿ ಎರಡು ಮೂರು ಟ್ಯೂಬ್ ಎತ್ತಿಡಿ. ಮಣ್ಣು ತೆಗೆದ ಜಾಗ, ದಿನಾಂಕ, ಬಳಸಿದ ಅಗರ್ ಎಲ್ಲವನ್ನೂ ಇವತ್ತೇ ಬರೆದಿಡಿ. ಮುಂದೆ ಪ್ರಬಂಧ ಬರೆಯುವಾಗ ಮೊದಲು ಕೇಳುವುದು ಅದನ್ನೇ.